ನಾಟಕದ ವರ್ಷಗಳು ಎಲ್ಲಿ ಹೋದವು, ತಮ್ಮಾ?

ಪ್ರೀತಿಯ ತಮ್ಮಾ,

ಡಚ್ ನಟ ರುಟ್ಗರ್ ಹೌವರ್ ಬಗ್ಗೆ ನೀನು ಬರೆದ ಲೇಖನ ಎರಡು ಸಲ ಓದಿದೆ. ಮೊದಲ ಸಲ ಬಸ್ಸಿನಲ್ಲಿ, ಸುಮ್ನೆ. ಎರಡನೇ ಸಲ ಪೆನ್ಸಿಲ್ ಹಿಡಿದುಕೊಂಡು. ಕೊನೆಯಲ್ಲಿ "ಅಕ್ಕಾ, ಮುಲಾಜು ನೋಡ್ಬೇಡಿ" ಅಂತ ಬರೆದಿದ್ದೀಯಲ್ಲ, ಸರಿ, ನೋಡುವುದಿಲ್ಲ.

ಮೊದಲ ಪ್ಯಾರಾ ಪೂರ್ತಿ ಹೊಡೆದುಹಾಕಿದ್ದೇನೆ. 'ಬ್ಲೇಡ್ ರನ್ನರ್' ಸಿನಿಮಾದ ಕತೆ ನಡೆಯುವುದು 2019ರಲ್ಲಿ, ಅದರಲ್ಲಿ ಹೌವರ್ ಮಾಡಿದ ಪಾತ್ರ ಸಾಯುತ್ತದೆ, ಅವನು ತೀರಿಕೊಂಡದ್ದೂ 2019ರಲ್ಲೇ, ಜುಲೈ 19ರಂದು. ವಿಚಿತ್ರ ಹೌದು. ಆದರೆ ಅವನು ತೀರಿಕೊಂಡ ವಾರ ಪತ್ರಿಕೆ ಬಿಡಿಸಿದ ಎಲ್ಲರೂ ಇದನ್ನು ಓದಿದ್ದಾರೆ. ಆ ಹೊಂದಿಕೆಯಲ್ಲಿ ಅವನದೇನೂ ಕೆಲಸ ಇಲ್ಲ, ನಿನ್ನದೂ ಇಲ್ಲ. ಕ್ಯಾಲೆಂಡರ್ ಮಾಡಿದ ಕೆಲಸ ಅದು.

ಬಾಲ್ಯ ಚೆನ್ನಾಗಿ ಬಂದಿದೆ. 1944ರ ಜನವರಿ, ನೆದರ್ಲೆಂಡ್ಸ್ ಇನ್ನೂ ಜರ್ಮನರ ಹಿಡಿತದಲ್ಲಿ, ಬ್ರೂಕೆಲೆನ್ ಎಂಬ ಊರು. ನ್ಯೂಯಾರ್ಕಿನ ಬ್ರೂಕ್ಲಿನ್‌ಗೆ ಹೆಸರು ಬಂದದ್ದು ಈ ಊರಿನಿಂದ ಅಂತ ಒಂದೇ ಸಾಲಲ್ಲಿ ಹೇಳಿ ಮುಂದೆ ಹೋಗಿದ್ದೀಯ, ಒಳ್ಳೆಯದು. ಅಪ್ಪ ಅಮ್ಮ ಇಬ್ಬರೂ ನಟನೆ ಕಲಿಸುವವರು. ಮಗ ಹದಿನೈದಕ್ಕೆ ಮನೆ ಬಿಟ್ಟು ಸರಕು ಹಡಗು ಹತ್ತಿದ. ಒಂದು ವರ್ಷ ಸಮುದ್ರ. ಬಣ್ಣಗುರುಡು ಇದ್ದದ್ದರಿಂದ ಆ ದಾರಿ ಮುಚ್ಚಿತು. ವಾಪಸ್ ಬಂದು ಸಣ್ಣಪುಟ್ಟ ಕೆಲಸ, ರಾತ್ರಿ ಶಾಲೆ. ನಡುವೆ ಸೇನೆಗೆ ಸೇರಿ, ವೈದ್ಯಕೀಯ ಸಹಾಯಕನ ತರಬೇತಿ ಪಡೆದು, ಕೆಲವೇ ತಿಂಗಳಲ್ಲಿ ಅದನ್ನೂ ಬಿಟ್ಟ. ಇಲ್ಲೆಲ್ಲ ನಿನ್ನ ವಾಕ್ಯಗಳು ಓಡುತ್ತವೆ. ಓಡಲಿ.

ಒಂದು ಮಾತ್ರ ಬಿಟ್ಟುಬಿಟ್ಟಿದ್ದೀಯ. ಹನ್ನೊಂದನೇ ವಯಸ್ಸಿಗೇ ಅವನು ರಂಗದ ಮೇಲೆ ಬಂದಿದ್ದ. ಗ್ರೀಕ್ ನಾಟಕಕಾರ ಸೊಫೋಕ್ಲಿಸ್‌ನ 'ಏಜಾಕ್ಸ್' ನಾಟಕದಲ್ಲಿ ಏಜಾಕ್ಸನ ಮಗ ಯೂರಿಸಾಕಿಸ್. ನಾನು ಆ ನಾಟಕ ತೆಗೆದು ನೋಡಿದೆ. ಅಲ್ಲಿ ಆ ಹುಡುಗನಿಗೆ ಒಂದೂ ಮಾತಿಲ್ಲ! ಸಾಯಲು ಹೊರಟ ಅಪ್ಪ ಅವನನ್ನು ಹತ್ತಿರ ಕರೆದು ಮಾತಾಡುತ್ತಾನೆ, ಹುಡುಗ ಕೇಳಿಸಿಕೊಳ್ಳುತ್ತಾ ನಿಂತಿರಬೇಕು. ನಟನಾಗುವವನಿಗೆ ಇದಕ್ಕಿಂತ ಒಳ್ಳೆಯ ಮೊದಲ ಪಾಠ ಸಿಗುತ್ತಾ?

ಈಗ ನನಗೆ ಸಿಟ್ಟು ಬಂದ ಜಾಗಕ್ಕೆ ಬರೋಣ. ನೀನು ಬರೆದಿರುವುದು ಹೀಗೆ: "ಐದು ವರ್ಷ ಪ್ರಯೋಗಶೀಲ ನಾಟಕ ತಂಡವೊಂದರಲ್ಲಿದ್ದು, ನಂತರ 1969ರಲ್ಲಿ ಟಿವಿಗೆ ಬಂದರು." ಆಮ್‌ಸ್ಟರ್‌ಡ್ಯಾಮಿನ ರಂಗಶಾಲೆಯಿಂದ ಅವನು ಹೊರಬಿದ್ದದ್ದು 1967ರಲ್ಲಿ ಅಂತ ನೀನೇ ಹಿಂದಿನ ಪುಟದಲ್ಲಿ ಹೇಳಿದ್ದೀಯ. ಕೂಡಿಸಿ ನೋಡು. ಎಲ್ಲೋ ಸಿಕ್ಕ ವಾಕ್ಯವನ್ನು ಹಾಗೇ ಎತ್ತಿಟ್ಟಿದ್ದೀಯ ಅನ್ನುವುದು ಬೆರಳಲ್ಲಿ ಎಣಿಸಿದರೂ ಗೊತ್ತಾಗುತ್ತದೆ. ಟಿವಿಗೆ ಬಂದ ಮೇಲೂ ನಾಟಕ ನಿಲ್ಲಲಿಲ್ಲ. ಎರಡೂ ಜೊತೆಜೊತೆಗೇ ನಡೆದವು. ಹಾಗೆ ಬರೆದರೆ ಲೆಕ್ಕವೂ ಸರಿಹೋಗುತ್ತದೆ, ಮನುಷ್ಯನೂ ಬೇರೆಯಾಗಿ ಕಾಣುತ್ತಾನೆ.

ಆ ತಂಡಕ್ಕೊಂದು ಹೆಸರಿದೆ, ನೋರ್ಡರ್ ಕೊಂಪನಿ. ಉತ್ತರದ ಕಂಪನಿ ಅಂತ ಅರ್ಥ. ನಮ್ಮ ಕಂಪನಿ ನಾಟಕದ ಹಾಗೇ ಕೇಳಿಸುತ್ತೆ ಅಲ್ವಾ? ಅಲ್ಲಿ ಅವನು ಪಾತ್ರ ಮಾಡಿದ. ನಾಟಕ ನಿರ್ದೇಶಿಸಿದ. ವೇಷಭೂಷಣ ಮಾಡಿದ. ಅಮೆರಿಕದ ಲೇಖಕ ಸ್ಟೀನ್‌ಬೆಕ್‌ನ 'ಆಫ್ ಮೈಸ್ ಅಂಡ್ ಮೆನ್' ನಾಟಕವನ್ನು ಡಚ್ಚಿಗೆ ತಂದ.

ಇಷ್ಟಕ್ಕೂ ಸೇರಿ ನಿನ್ನ ಲೇಖನದಲ್ಲಿ ಒಂದು ವಾಕ್ಯ. ಒಂದೇ!

ನಾನೂ ಇದೇ ತಪ್ಪು ಮಾಡಿದವಳು. ನಿನ್ನ ವಯಸ್ಸಿನಲ್ಲಿ ವೃತ್ತಿ ಕಂಪನಿಯ ಹಿರಿಯ ನಟರೊಬ್ಬರ ಬಗ್ಗೆ ವಾರಪತ್ರಿಕೆಗೆ ಬರೆದೆ. ಪ್ರಶಸ್ತಿ, ಸನ್ಮಾನ, ಸಿನಿಮಾ, ಎಲ್ಲ ಹಾಕಿದೆ. ಓದಿ ಅವರು ಅಂದರು, "ಚಂದ ಬರ್ದೀಯವ್ವಾ. ಆದರ ನಾ ಆರು ವರ್ಷ ಪರದೆ ಎಳದದ್ದು ಬರಲೇ ಇಲ್ಲಲ್ಲ." ಪರದೆ ಯಾವಾಗ ಬೀಳಬೇಕು ಅಂತ ಗೊತ್ತಾದ ಮೇಲೇ ತನಗೆ ನಟನೆ ಬಂದದ್ದು ಅಂತ ಅವರ ಲೆಕ್ಕ. ನಾನು ಅದನ್ನು ಕೇಳಿಯೇ ಇರಲಿಲ್ಲ.

ಹೌವರ್ ಮಾಡಿದ ಆ ಸ್ಟೀನ್‌ಬೆಕ್ ಅನುವಾದದ ಬಗ್ಗೆ ಸ್ವಲ್ಪ ಯೋಚನೆ ಮಾಡು. ಕ್ಯಾಲಿಫೋರ್ನಿಯಾದ ಜಮೀನಿನಲ್ಲಿ ಕೂಲಿ ಮಾಡುವ ಇಬ್ಬರು. ಒಬ್ಬನಿಗೆ ಬುದ್ಧಿ ಅಷ್ಟಕ್ಕಷ್ಟೆ, ಇನ್ನೊಬ್ಬ ಅವನನ್ನು ಸಂಭಾಳಿಸುವವನು. ಅವರ ಮಾತನ್ನು ಒಮ್ಮೆ ಕನ್ನಡಕ್ಕೆ ತಂದು ನೋಡು, ಒಂದೇ ಪುಟ ಸಾಕು. ಪುಸ್ತಕದ ಕನ್ನಡ ಹಾಕಿದೆಯೋ, ಕೂಲಿಯವನು ಮೇಷ್ಟ್ರಾಗಿಬಿಡುತ್ತಾನೆ. ಜಾಸ್ತಿ ಹಳ್ಳಿ ಮಾತು ಸುರಿದರೆ ನಗೆಪಾಟಲು. ಜೊತೆಗೆ ಅದನ್ನು ನಾಳೆ ನಿನ್ನದೇ ತಂಡದವನೊಬ್ಬ ಜನರ ಮುಂದೆ ನಿಂತು ಹೇಳಬೇಕು. ಒಂದು ಪದ ಹೆಚ್ಚಾದರೆ ಅವನ ಉಸಿರು ಅಲ್ಲೇ ಸಿಕ್ಕಿಬೀಳುತ್ತದೆ.

ಈ ಕೆಲಸ ಮಾಡಿದ ಕೈ 'ಬ್ಲೇಡ್ ರನ್ನರ್' ಚಿತ್ರೀಕರಣದ ಹಿಂದಿನ ರಾತ್ರಿ ಏನು ಮಾಡಿತು ನೋಡು. ಡೇವಿಡ್ ಪೀಪಲ್ಸ್ ಬರೆದ ಚಿತ್ರಕತೆಯಲ್ಲಿ ಅವನ ಪಾತ್ರ ಸಾಯುವ ಮುಂಚೆ ಆಡುವ ಮಾತು ಉದ್ದವಾಗಿತ್ತು. ಹೌವರ್ ಅದನ್ನು ಕತ್ತರಿಸಿದ. ಓರಿಯನ್ ನಕ್ಷತ್ರಪುಂಜದ ಬಳಿ ಉರಿಯುವ ಹಡಗುಗಳು ಉಳಿದವು, ಟಾನ್‌ಹೌಸರ್ ಗೇಟ್ ಹತ್ತಿರ ಕತ್ತಲಲ್ಲಿ ಮಿನುಗುವ ಕಿರಣಗಳು ಉಳಿದವು. ಆ ಗೇಟ್ ಎಲ್ಲಿದೆ, ಏನದು, ಚಿತ್ರ ಎಲ್ಲೂ ಹೇಳುವುದಿಲ್ಲ. ಆಮೇಲೆ ಅವನೇ ಸೇರಿಸಿದ್ದು ಒಂದು ವಾಕ್ಯ: ಆ ಗಳಿಗೆಗಳೆಲ್ಲ ಮಳೆಯಲ್ಲಿನ ಕಣ್ಣೀರಿನ ಹಾಗೆ ಕಳೆದುಹೋಗುತ್ತವೆ ಅಂತ. ಪೂರ್ತಿ ಮಾತು ಒಂದು ನಿಮಿಷವೂ ಇಲ್ಲ. ನೀನು ಇದಕ್ಕೆ "ದೈವದತ್ತ ಪ್ರತಿಭೆಯ ಕ್ಷಣ" ಅಂತ ಬರೆದಿದ್ದೀಯ. ಉತ್ತರದ ಕಂಪನಿಯನ್ನು ಒಂದು ವಾಕ್ಯದಲ್ಲಿ ಮುಗಿಸಿದ್ದಕ್ಕೇ ಇಲ್ಲಿ ನಿನಗೆ ದೈವ ಬೇಕಾಯಿತು.

'ಫ್ಲೋರಿಸ್' ಟಿವಿ ಧಾರಾವಾಹಿಯ ಭಾಗ ಚಿಕ್ಕದು ಮಾಡು. 1969, ಹನ್ನೆರಡು ಕಂತು, ಕಪ್ಪು ಬಿಳುಪು, ಗೆರಾರ್ಡ್ ಸೂಟೆಮಾನ್ ಬರೆದದ್ದು, ಪಾಲ್ ವರ್ಹೋವನ್ ನಿರ್ದೇಶನ. ಕೋಟೆ ಕಳೆದುಕೊಂಡ ಮಧ್ಯಯುಗದ ಯೋಧ, ಪಕ್ಕದಲ್ಲಿ ಸಿಂದಾಲಾ ಎಂಬ ಭಾರತದ ಫಕೀರ. ಆ ಫಕೀರನ ಪಾತ್ರ ಮಾಡಿದವರು ಯೊಸ್ ಬೆರ್ಗ್‌ಮನ್ ಎಂಬ ಡಚ್ ನಟ. ಇದರ ಮೇಲೆ ನೀನು ಅರ್ಧ ಪುಟ ಕೋಪ ಮಾಡಿಕೊಂಡಿದ್ದೀಯ. ಕೋಪ ನ್ಯಾಯವೇ, ಆದರೆ ಅದು ಬೇರೆ ಲೇಖನ. ಇಲ್ಲಿ ಬೇಕಾದದ್ದು ವರ್ಹೋವನ್, ಸೂಟೆಮಾನ್, ಹೌವರ್ ಮೂವರೂ ಈ ಮಕ್ಕಳ ಧಾರಾವಾಹಿಯಲ್ಲಿ ಒಟ್ಟಾದರು ಅನ್ನುವುದು. 1973ರ 'ಟರ್ಕ್ಸ್ ಫ್ರೌಟ್', 1977ರ 'ಸೋಲ್ದಾಟ್ ಫಾನ್ ಒರಾನ್ಯೆ' ಎರಡೂ ಸಿನಿಮಾ ಇದೇ ಮೂವರ ಕೆಲಸ.

ಇನ್ನೊಂದು ಕಡೆ ಓಡಿಬಿಟ್ಟಿದ್ದೀಯ. "1987ರ ಟಿವಿ ಚಿತ್ರ 'ಎಸ್ಕೇಪ್ ಫ್ರಮ್ ಸೋಬಿಬೋರ್'ಗೆ ಗೋಲ್ಡನ್ ಗ್ಲೋಬ್ ಬಂತು." ಅಷ್ಟೇನಾ? ಸೋಬಿಬೋರ್ ನಾಜಿಗಳ ಕೊಲೆ ಶಿಬಿರ. ನೆದರ್ಲೆಂಡ್ಸ್‌ನಿಂದಲೇ 34 ಸಾವಿರಕ್ಕೂ ಹೆಚ್ಚು ಯಹೂದಿಗಳನ್ನು ರೈಲಿನಲ್ಲಿ ಅಲ್ಲಿಗೆ ಒಯ್ದರು, ಬದುಕಿ ಬಂದವರು ಬೆರಳೆಣಿಕೆ. ಅಲ್ಲಿ ಕೈದಿಗಳು ದಂಗೆ ಎದ್ದದ್ದು 1943ರ ಅಕ್ಟೋಬರ್ 14ರಂದು. ಹೌವರ್ ಹುಟ್ಟಿದ್ದು ಅದಾಗಿ ಮೂರೇ ತಿಂಗಳಿಗೆ. ಅವನು ಮಾಡಿದ್ದು ದಂಗೆಯ ಮುಂದಾಳು, ಸೋವಿಯತ್ ಸೇನಾಧಿಕಾರಿ ಪೆಚೆರ್ಸ್ಕಿಯ ಪಾತ್ರ. ಆ ನಟನ ಊರಿನವರಿಗೆ ಸೋಬಿಬೋರ್ ಅಂದರೆ ಏನು ಅಂತ ನಮ್ಮ ಓದುಗರಿಗೆ ನೀನು ಹೇಳದೆ ಇನ್ಯಾರು ಹೇಳುತ್ತಾರೆ? ಪ್ರಶಸ್ತಿಯನ್ನು ಪ್ಯಾರಾದ ಕೊನೆಗೆ ತಳ್ಳು. ಬೇಕಾದರೆ ಬಿಟ್ಟೇಬಿಡು.

ಕೊನೆಯ ಪ್ಯಾರಾ ನನಗೆ ಇಷ್ಟವಾಯಿತು. ಫ್ರೀಸ್‌ಲ್ಯಾಂಡಿನ ಬೇಟ್‌ಸ್ಟರ್‌ಜ್ವಾಗ್ ಎಂಬ ಹಳ್ಳಿಯ ಮನೆಯಲ್ಲಿ ತೀರಿಕೊಂಡದ್ದು, ಅಂತ್ಯಕ್ರಿಯೆಯ ದಿನವಷ್ಟೇ ಸುದ್ದಿ ಹೊರಗೆ ಕೊಟ್ಟದ್ದು. ಅಲ್ಲಿ ಪೆನ್ಸಿಲ್ ಮುಟ್ಟಿಸಿಲ್ಲ.

ಹಾಳೆಗಳನ್ನು ಸೋಮವಾರ ಪೋಸ್ಟ್ ಮಾಡುತ್ತೇನೆ. ಮೂರನೇ ಪುಟದ ಮೇಲೆ ಕಾಫಿ ಕಲೆ ಇದೆ, ಅದು ತಿದ್ದುಪಡಿ ಅಲ್ಲ, ಬಸ್ ಡ್ರೈವರ್ ಬ್ರೇಕ್ ಹಾಕಿದ್ದು. ಸ್ಟೀನ್‌ಬೆಕ್‌ನ ಒಂದು ಪುಟ ಕನ್ನಡ ಮಾಡಿ, ಯಾರ ಕೈಲಾದರೂ ಗಟ್ಟಿಯಾಗಿ ಓದಿಸಿ, ರೆಕಾರ್ಡ್ ಮಾಡಿ ಕಳಿಸು. ಲೇಖನದ ಎರಡನೇ ಕರಡು ಆಮೇಲೆ ನೋಡೋಣ.

ನಿನ್ನ
ಅಕ್ಕ