ಟೆನಿಸ್ ಆಡಲು ಟುನೀಶಿಯಾದ ಮೊನಾಸ್ಟಿರ್‌ಗೆ ಹೊರಟ ಮಗಳಿಗೆ

ಪುಟ್ಟಿ,

ನೀನು ಒಳಗೆ ಬ್ಯಾಗ್ ತುಂಬುತ್ತಿದ್ದೀಯ. ಜಿಪ್ ಎಳೆಯೋ ಸದ್ದು ಹಾಲ್‌ವರೆಗೂ ಕೇಳುತ್ತಿದೆ. ಎದ್ದು ಬಂದು ಮಾತಾಡಬಹುದಿತ್ತು. ಆದರೆ ಭಾನುವಾರದ ಜಗಳ ಆದ ಮೇಲೆ ನಾವಿಬ್ಬರೂ ಬಾಯಿ ತೆರೆದರೆ ಮತ್ತೆ ಅಲ್ಲಿಗೇ ಹೋಗಿ ನಿಲ್ಲುತ್ತೇವೆ. ಅದಕ್ಕೇ ಬರೆಯುತ್ತಿದ್ದೇನೆ. ರ‍್ಯಾಕೆಟ್ ಬ್ಯಾಗಿನ ಪಕ್ಕದ ಜೇಬಿನಲ್ಲಿ ಇಟ್ಟಿರುತ್ತೇನೆ, ವಿಮಾನದಲ್ಲಿ ಓದು.

ಕಾಲೇಜು ಬೇಡ, ಈಗಲೇ ಪ್ರೊ, ಅಂದರೆ ವೃತ್ತಿಪರ ಆಟಗಾರ್ತಿ, ಆಗ್ತೀನಿ ಅಂದೆ. ಅಮೆರಿಕದ ಕಾಲೇಜಿನ ವಿಷಯ ಮತ್ತೆ ಎತ್ತಲ್ಲ. ಸ್ಕಾಲರ್‌ಶಿಪ್ ಸಿಕ್ಕಿದ್ದರೆ ನಾಲ್ಕು ವರ್ಷ ಓದು, ಊಟ, ಕೋಚಿಂಗ್ ಎಲ್ಲಾ ನಡೆದುಹೋಗುತ್ತಿತ್ತು. ಡ್ಯಾನಿಯಲ್ ಕಾಲಿನ್ಸ್ ವರ್ಜೀನಿಯಾದಲ್ಲಿ ಓದುತ್ತಲೇ 2014 ಮತ್ತು 2016ರಲ್ಲಿ ಅಲ್ಲಿನ ಕಾಲೇಜುಗಳ ಚಾಂಪಿಯನ್‌ಶಿಪ್ ಎನ್‌ಸಿಎಎ ಗೆದ್ದು, ಆಮೇಲೆ ಪ್ರೊ ಆದವಳು. 2022ರಲ್ಲಿ ಆಸ್ಟ್ರೇಲಿಯನ್ ಓಪನ್ ಫೈನಲ್ ಆಡಿದಳು. ನೋಡು, ಎತ್ತಲ್ಲ ಅಂದವನು ಎತ್ತಿಬಿಟ್ಟೆ. ಬಿಡು. ನೀನು ಯೋಚನೆ ಮಾಡಿಯೇ ಹೇಳಿದ್ದೀಯ. ನಂಜನಗೂಡು ರಸ್ತೆ ಸೈಟಿನ ವಿಷಯವೂ ಇಲ್ಲಿ ಬೇಡ. ಅದು ನಿನಗೂ ಗೊತ್ತು, ನನಗೂ ಗೊತ್ತು.

ಆದರೆ ಭಾನುವಾರ ನೀನು ಒಂದು ಮಾತು ಅಂದೆ. "ಅಪ್ಪಾ, ನಾನು ಸೋಲ್ತೀನಿ ಅಂತಲ್ಲ ನಿಂಗೆ ಭಯ, ದುಡ್ಡು ಹೋಗುತ್ತೆ ಅಂತ ಭಯ." ಅಂದವಳೇ ರೂಮಿಗೆ ಹೋದೆ. ಆವತ್ತಿನಿಂದ ನನಗೆ ಸರಿಯಾಗಿ ನಿದ್ದೆ ಬಂದಿಲ್ಲ. ಈ ಮಾತು ಎಲ್ಲಿ ಹುಟ್ಟಿದ್ದು ಅಂತ ನನಗೆ ಗೊತ್ತು. ಪುಣೆಯಲ್ಲಿ, ಆ ಆಟೋದಲ್ಲಿ.

ಅಂಡರ್-16 ಟೂರ್ನಿ. ಮೊದಲ ಸುತ್ತಿನಲ್ಲೇ 6-1, 6-2ರಲ್ಲಿ ಸೋತೆ. ಕೋರ್ಟಿನಿಂದ ಲಾಡ್ಜಿಗೆ ಆಟೋ ಹತ್ತಿದೆವು. ನೀನು ಟವೆಲ್ ಮುಖಕ್ಕೆ ಹಿಡಿದು ಕೂತಿದ್ದೆ. ನಾನು ಪುಸ್ತಕ ತೆಗೆದೆ. ಹಗಲೆಲ್ಲಾ ಸೊಸೈಟಿಯಲ್ಲಿ ಲೆಕ್ಕ ಬರೆಯೋನು ನಾನು, ಕೈ ತಾನೇ ಅಲ್ಲಿಗೆ ಹೋಗುತ್ತದೆ. ರೈಲು, ಲಾಡ್ಜು, ಎಂಟ್ರಿ ಫೀಸು, ಊಟ, ಎಲ್ಲಾ ಸೇರಿ 18,600. ನೀನು ಗೆದ್ದದ್ದು ಮೂರು ಗೇಮ್. ನಾನು ಜೋರಾಗಿಯೇ ಹೇಳಿದೆ, "ಒಂದು ಗೇಮಿಗೆ 6,200 ಬಿತ್ತು ನೋಡು."

ನೀನು ಅಳಲಿಲ್ಲ. ಎರಡು ಸಿಗ್ನಲ್ ದಾಟಿದ ಮೇಲೆ ಟವೆಲ್ ಇಳಿಸಿ ಕೇಳಿದೆ, "ರಿಟರ್ನ್ ಟಿಕೆಟ್ ಸೇರಿಸಿದ್ಯಾ ಅಪ್ಪಾ?"

ನಾನು ಸೇರಿಸಿದ್ದೀನಿ ಅಂದೆ. ಅಷ್ಟೇ ಅಂದದ್ದು. ಹದಿನಾಲ್ಕು ವರ್ಷದ ಮಗು ಸೋತು ಬಂದು, ತನ್ನನ್ನು ಮನೆಗೆ ವಾಪಸ್ ಕರೆದುಕೊಂಡು ಹೋಗೋ ಖರ್ಚೂ ಲೆಕ್ಕಕ್ಕೆ ಬಂತಾ ಅಂತ ಕೇಳುತ್ತಿದೆ. ನನಗೆ ಆವತ್ತು ಅದು ಕೇಳಿಸಲೇ ಇಲ್ಲ.

ಮುಂದಿನದು ನಿನಗೆ ಗೊತ್ತಿಲ್ಲ. ಹೋದ ವಾರ ಅದೇ ಪುಸ್ತಕ ತೆಗೆದು ನೋಡಿದೆ. ಗಟ್ಟಿಂಗ್, ಅಂದರೆ ಬ್ಯಾಟಿಗೆ ಹೊಸ ಗಟ್ (ತಂತಿ) ಹಾಕಿಸೋದು, ಅಂತ ಒಂದು ಕಾಲಂ ಇದೆ. ಜುಲೈನಲ್ಲಿ 4 ಸಲ. ಆಗಸ್ಟ್‌ನಲ್ಲಿ ಪುಣೆಗೆ ಮುಂಚೆ 3 ಸಲ. ಸೆಪ್ಟೆಂಬರ್ ಸೊನ್ನೆ. ಅಕ್ಟೋಬರ್ ಸೊನ್ನೆ. ನವೆಂಬರ್ ಸೊನ್ನೆ. ಪಕ್ಕದಲ್ಲಿ ನನ್ನದೇ ಅಕ್ಷರದಲ್ಲಿ "ಉಳಿತಾಯ" ಅಂತ ಬರೆದಿದ್ದೇನೆ. ಖುಷಿಯಾಗಿ ಬರೆದದ್ದು ಅದು. ಡಿಸೆಂಬರ್‌ನಲ್ಲಿ ನಿನ್ನ ಮೊಣಕೈ ನೋವು ಶುರುವಾಯಿತು. ಫಿಸಿಯೋ ರ‍್ಯಾಕೆಟ್ ಇಸ್ಕೊಂಡು ಗಟ್ ಮೇಲೆ ಹೆಬ್ಬೆಟ್ಟು ಒತ್ತಿ, ಇದನ್ನ ಕೊನೆಗೆ ಹಾಕಿಸಿದ್ದು ಯಾವಾಗ ಅಂತ ಕೇಳಿದರು. ನೀನು ನೆಲ ನೋಡಿದೆ. ಪಾಲಿ (ಪಾಲಿಯೆಸ್ಟರ್) ಗಟ್ ಬೇಗ ಹರಿಯಲ್ಲ, ಆದರೆ ಕೆಲವೇ ಗಂಟೆಯ ಆಟಕ್ಕೆ ಸತ್ತುಹೋಗುತ್ತದೆ, ಚೆಂಡಿನ ಏಟೆಲ್ಲಾ ಕೈಗೆ ಬರುತ್ತದೆ ಅಂತ ಅವರೇ ವಿವರಿಸಿದರು. ಅದೊಂದೇ ಕಾರಣ ಅಲ್ಲ, ಸರ್ವ್ ಪ್ರಾಕ್ಟೀಸ್ ಜಾಸ್ತಿ ಆಗಿದೆ ಅಂತಲೂ ಅಂದರು. ನನಗೆ ಅದರಿಂದ ಸಮಾಧಾನ ಆಗಲಿಲ್ಲ. ಸತ್ತ ಗಟ್‌ನಲ್ಲಿ ನನ್ನ ಮಗಳು ನಾಲ್ಕು ತಿಂಗಳು ಆಡಿದಳು. ಕೇಳೋಕೆ ಹೆದರಿ ಆಡಿದಳು. ನಾನು ಉಳಿತಾಯ ಅಂತ ಬರೆದುಕೊಂಡೆ.

ತಪ್ಪಾಯಿತು ಕಣಮ್ಮ. ಆ ಹಳೇ ಗಟ್ಟಿಂಗ್ ಮಷೀನ್ ತಂದದ್ದು ದುಡ್ಡು ಉಳಿಸೋಕೆ ಅಂತ ನೀನು ಅಂದುಕೊಂಡಿರಬೇಕು. ಅಲ್ಲ. ನೀನು ಕೇಳುವ ಮೊದಲೇ ಹಾಕಿಡಬೇಕು ಅಂತ ತಂದೆ. ಮೊದಲನೇ ರ‍್ಯಾಕೆಟ್ಟಿಗೆ ಮೂರು ಗಂಟೆ ಹಿಡಿಯಿತು. ಈಗ ಮುಕ್ಕಾಲು ಗಂಟೆ ಸಾಕು.

ನಿನ್ನ ಮಾತಿಗೆ ಉತ್ತರ ಹೇಳಬೇಕಲ್ವಾ. ಹೌದು, ದುಡ್ಡಿನ ಭಯ ಇದೆ. ಸುಳ್ಳು ಹೇಳಲ್ಲ. ನೀನು ಆಡೋಕೆ ಹೊರಟಿರೋ ಡಬ್ಲ್ಯೂ15, ಪ್ರೊ ಟೂರ್ನಿಗಳಲ್ಲಿ ಕೆಳಗಿನ ಮೆಟ್ಟಿಲು, ಅಂದರೆ ಇಡೀ ಟೂರ್ನಿಗೆ 15 ಸಾವಿರ ಡಾಲರ್ ಬಹುಮಾನ. ಸಿಂಗಲ್ಸ್, ಡಬಲ್ಸ್ ಆಡುವವರೆಲ್ಲಾ ಹಂಚಿಕೊಳ್ಳಬೇಕು. ಗೆದ್ದವಳಿಗೇ ವಿಮಾನದ ಖರ್ಚು ಕಳೆದು ಹೆಚ್ಚು ಉಳಿಯಲ್ಲ. ಜೂನಿಯರ್‌ನಲ್ಲಿ ನೀನು ಕಷ್ಟಪಟ್ಟು ಗಳಿಸಿದ ಪಾಯಿಂಟ್ ಒಂದೂ ಡಬ್ಲ್ಯೂಟಿಎ, ಅಂದರೆ ಪ್ರೊ ಮಹಿಳೆಯರ ವಿಶ್ವ ಪಟ್ಟಿಯ, ಲೆಕ್ಕಕ್ಕೆ ಬರಲ್ಲ. ಮತ್ತೆ ಸೊನ್ನೆಯಿಂದ. ಮೊದಲು ಕ್ವಾಲಿಫೈಯಿಂಗ್, ಅಂದರೆ ಅರ್ಹತಾ ಸುತ್ತು, ದಾಟಬೇಕು. ಆಮೇಲೆ ಮೇನ್ ಡ್ರಾದಲ್ಲಿ (ಮುಖ್ಯ ಸುತ್ತಿನಲ್ಲಿ) ಒಂದು ಮ್ಯಾಚ್ ಗೆದ್ದರೆ 1 ಪಾಯಿಂಟ್, ಟೂರ್ನಿಯೇ ಗೆದ್ದರೆ 15. ಮೂರು ಟೂರ್ನಿಯಲ್ಲಿ ಪಾಯಿಂಟ್ ಬರಬೇಕು, ಇಲ್ಲಾ ಒಟ್ಟು 10 ಆಗಬೇಕು, ಆಗ ಪಟ್ಟಿಯಲ್ಲಿ ಹೆಸರು. ಇದನ್ನೆಲ್ಲಾ ನನಗಿಂತ ಚೆನ್ನಾಗಿ ನೀನು ಬಲ್ಲೆ. ಬರೆದರೆ ನನಗೆ ಸ್ವಲ್ಪ ಧೈರ್ಯ ಬರುತ್ತದೆ, ಅದಕ್ಕೆ ಬರೆದೆ.

ಅದಕ್ಕಿಂತ ದೊಡ್ಡ ಭಯ ಬೇರೆ. ಜೆನಿಫರ್ ಕ್ಯಾಪ್ರಿಯಾಟಿ 1990ರಲ್ಲಿ 13ನೇ ವಯಸ್ಸಿಗೇ ಪ್ರೊ ಆದಳು. ಅದೇ ವರ್ಷ ಫ್ರೆಂಚ್ ಓಪನ್ ಸೆಮಿಫೈನಲ್. 1992ರಲ್ಲಿ ಒಲಿಂಪಿಕ್ ಚಿನ್ನ. ಆಮೇಲೆ ಆಟವೇ ಬೇಡ ಅನ್ನಿಸಿ ದೂರ ಹೋದಳು. ವಾಪಸ್ ಬಂದು ಗ್ರ್ಯಾನ್‌ಸ್ಲಾಮ್ ಗೆದ್ದದ್ದು 2001ರಲ್ಲಿ. ಅವಳಿಗೆ ಆದದ್ದನ್ನು ನೋಡಿಯೇ 18 ತುಂಬದ ಹುಡುಗಿಯರು ವರ್ಷಕ್ಕೆ ಇಷ್ಟೇ ಪ್ರೊ ಟೂರ್ನಿ ಆಡಬಹುದು ಅಂತ 1995ರಲ್ಲಿ ನಿಯಮ ಬಂತು. ಅದು ನಿನ್ನನ್ನು ಕಟ್ಟಿಹಾಕುತ್ತದೆ ಅಂತ ನೀನು ಸಿಟ್ಟಾಗುತ್ತೀಯ. ನನಗೆ ಆ ನಿಯಮ ಓದಿದಾಗಲೆಲ್ಲಾ ಪುಣೆಯ ಆಟೋ ನೆನಪಾಗುತ್ತದೆ. ಮಕ್ಕಳನ್ನು ಕಾಯೋಕೆ ನಿಯಮ ಬೇಕಾಗುತ್ತದೆ, ಕೆಲವು ಸಲ ಅಪ್ಪಂದಿರಿಂದಲೂ.

ಇನ್ನು ನಾಲ್ಕು ಮಾತು ಹೇಳಿ ಬಿಡುತ್ತೇನೆ. ಅಜ್ಜಿ ಬ್ಯಾಗಿಗೆ ಹಾಕಿದ್ದ ಲೇಹ್ಯದ ಡಬ್ಬಿ ನಾನೇ ತೆಗೆದೆ. ಅದರಲ್ಲಿ ಏನೇನಿದೆ ಅಂತ ಬರೆದಿಲ್ಲ. ಡೋಪಿಂಗ್ ಟೆಸ್ಟಿನಲ್ಲಿ ಏನಾದರೂ ಸಿಕ್ಕರೆ ಗೊತ್ತಿಲ್ಲದೆ ತಿಂದೆ ಅಂದರೆ ನಡೆಯಲ್ಲ. ಜ್ವರ, ನೆಗಡಿ ಏನೇ ಬಂದರೂ ಮಾತ್ರೆಯ ಹೆಸರು ಕಳಿಸು, ನಿಷೇಧದ ಪಟ್ಟಿ ನೋಡಿ ಹೇಳುವವರೆಗೆ ನುಂಗಬೇಡ. ಬೇರೆಯವರು ತೆರೆದಿಟ್ಟ ಬಾಟಲಿಯಿಂದ ಕುಡಿಯಬೇಡ. ಸೋತ ರಾತ್ರಿ ಇನ್‌ಸ್ಟಾಗ್ರಾಂ ತೆಗೆಯಬೇಡ. ಇಷ್ಟು ಸಣ್ಣ ಟೂರ್ನಿಗಳ ಮೇಲೂ ಬೆಟ್ ಕಟ್ಟುವವರಿದ್ದಾರೆ, ಕಳೆದುಕೊಂಡವರು ಹುಡುಗಿಯರಿಗೆ ಬಾಯಿಗೆ ಬಂದಂತೆ ಬರೆಯುತ್ತಾರೆ. ಯಾರಾದರೂ ನಯವಾಗಿ ಬಂದು ಒಂದು ಸೆಟ್ ಬಿಟ್ಟುಕೊಡು ಅಂದರೆ ಬೇಡ ಅಂದರಷ್ಟೇ ಸಾಲದು. ಟೆನಿಸ್‌ನಲ್ಲಿ ಮೋಸ ತಡೆಯೋ ಸಂಸ್ಥೆ ಐಟಿಐಎಗೆ ತಿಳಿಸಲೇಬೇಕು, ತಿಳಿಸದಿದ್ದರೂ ಅದು ತಪ್ಪೇ. ಕೋಚ್‌ಗೂ ಹೇಳು, ನನಗೂ ಹೇಳು. ಬೆಂಗಳೂರಿನ ಆ ಇಬ್ಬರು ಹುಡುಗಿಯರ ಜೊತೆಗೇ ಇರು. ಒಬ್ಬಳೇ ಊಟಕ್ಕೆ ಹೋಗಬೇಡ. ಪಾಸ್‌ಪೋರ್ಟ್ ಕೋರ್ಟಿಗೆ ತೆಗೆದುಕೊಂಡು ಹೋಗಬೇಡ. ನಾಲ್ಕು ಅಂದಿದ್ದು ಎಷ್ಟಾಯಿತೋ.

ನೀನು ಹೋಗುತ್ತಿರುವ ಊರಿನಿಂದ ಸುಮಾರು 20 ಕಿಲೋಮೀಟರ್ ದೂರದಲ್ಲಿ ಸೂಸ್ ಅಂತ ಊರಿದೆ. ಓನ್ಸ್ ಜಾಬೂರ್ ಬೆಳೆದದ್ದು ಅಲ್ಲೇ. ಅವಳನ್ನು ಮೂರನೇ ವಯಸ್ಸಿಗೆ ಕೋರ್ಟಿಗೆ ಕರೆದುಕೊಂಡು ಹೋದದ್ದು ಅವಳ ಅಮ್ಮ. 2011ರಲ್ಲಿ ಜೂನಿಯರ್ ಫ್ರೆಂಚ್ ಓಪನ್ ಗೆದ್ದಳು. ಮೊದಲ ಡಬ್ಲ್ಯೂಟಿಎ ಪ್ರಶಸ್ತಿ ಬಂದದ್ದು 2021ರಲ್ಲಿ. ನಡುವೆ ಹತ್ತು ವರ್ಷ! ಆಮೇಲೆ ವಿಂಬಲ್ಡನ್ ಫೈನಲ್ ಎರಡು ಸಲ, ರ‍್ಯಾಂಕಿಂಗ್‌ನಲ್ಲಿ 2ನೇ ಸ್ಥಾನ. ನಮ್ಮ ಪಕ್ಕದ ಕೊಡಗಿನ ಬೋಪಣ್ಣ ಪುರುಷರ ಡಬಲ್ಸ್‌ನಲ್ಲಿ ಮೊದಲ ಗ್ರ್ಯಾನ್‌ಸ್ಲಾಮ್ ಎತ್ತಿದ್ದು 43ನೇ ವಯಸ್ಸಿನಲ್ಲಿ. ಆ ಹತ್ತು ವರ್ಷ ಜಾಬೂರ್ ಮನೆಯಲ್ಲಿ ಯಾರಾದರೂ ಪುಸ್ತಕ ಬರೆದಿಟ್ಟಿದ್ದರೋ ಏನೋ. ಬರೆದಿದ್ದರೂ ಅವಳ ಮುಂದೆ ಓದಿರಲಿಕ್ಕಿಲ್ಲ.

ನಿನ್ನ ಬಗ್ಗೆ ನನಗೆ ಎಷ್ಟು ಹೆಮ್ಮೆ ಅಂತ ಬಾಯಿಬಿಟ್ಟು ಹೇಳಿದ್ದೇನಾ? ಹೇಳಿಲ್ಲ ಅನ್ನಿಸುತ್ತದೆ. ಸೊಸೈಟಿಯಲ್ಲಿ ಎಲ್ಲರಿಗೂ ಹೇಳುತ್ತೇನೆ. ಮೊಣಕೈ ಸರಿಯಾಗೋವರೆಗೂ ಐದು ತಿಂಗಳು ಎಡಗೈಯಲ್ಲಿ ಗೋಡೆಗೆ ಹೊಡೆದು ಅಭ್ಯಾಸ ಮಾಡಿದೆಯಲ್ಲ, ಅದನ್ನು ಕಿಟಕಿಯಿಂದ ನೋಡುತ್ತಿದ್ದೆ.

ಮೂರು ರ‍್ಯಾಕೆಟ್ಟಿಗೂ ಹೊಸ ಗಟ್ ಹಾಕಿದ್ದೇನೆ, 52 ಪೌಂಡ್ ಬಿಗಿಗೆ. ಒಂದು ರೀಲ್ ಬೇರೆ ಇದೆ, 200 ಮೀಟರ್, ಹದಿನಾರು ಸಲಕ್ಕೆ ಬರುತ್ತದೆ. ಅಲ್ಲಿ ಗಟ್ಟಿಂಗ್ ಮಾಡುವವರಿಗೆ ಕೂಲಿ ಕೊಟ್ಟರೆ ಸಾಕು. ಮೂರು ವಾರದಲ್ಲಿ ಅಷ್ಟೂ ಖಾಲಿ ಮಾಡಿಕೊಂಡು ಬಾ. ಲೆಕ್ಕ ಬರೆದಿಡಬೇಡ.

ನಮಗಿಂತ ಅಲ್ಲಿ ನಾಲ್ಕೂವರೆ ಗಂಟೆ ಹಿಂದೆ. ಎಷ್ಟು ಹೊತ್ತಾದರೂ ನಾನು ಎದ್ದಿರುತ್ತೇನೆ. ಸ್ಕೋರ್ ಹೇಳಬೇಕು ಅನ್ನಿಸಿದರೆ ಹೇಳು, ಇಲ್ಲದಿದ್ದರೆ ಊಟ ಏನು ಮಾಡಿದೆ ಅಂತ ಹೇಳು. ರಿಟರ್ನ್ ಟಿಕೆಟ್ ದಿನ ಬದಲಾಯಿಸಬಹುದಾದದ್ದೇ ತೆಗೆದುಕೊಂಡಿದ್ದೇನೆ. ಮುಂಚೆ ಬರಬೇಕು ಅನ್ನಿಸಿದರೆ ಮುಂಚೆ ಬಾ, ಇನ್ನೊಂದು ವಾರ ಆಡಬೇಕು ಅನ್ನಿಸಿದರೆ ಇದ್ದು ಆಡು. ಆ ಟಿಕೆಟ್ ಲೆಕ್ಕಕ್ಕೆ ಸೇರಿಸಿಲ್ಲ.

ನಿನ್ನ
ಅಪ್ಪ