‘ಸೂಕ್ತ ಮಾರ್ಗದರ್ಶನ ನೀಡಲಾಯಿತು’: ಶಾಲಾ ಶಿಕ್ಷಣ ಸಚಿವರಿಗೊಂದು ಬಹಿರಂಗ ಪತ್ರ

ಮಾನ್ಯ ಶಾಲಾ ಶಿಕ್ಷಣ ಮತ್ತು ಸಾಕ್ಷರತಾ ಸಚಿವರಿಗೆ,

ನಮಸ್ಕಾರ. ನಾನು ಬೆಂಗಳೂರಿನ ಒಂದು ಮುದ್ರಣಾಲಯದಲ್ಲಿ ಕರಡು ತಿದ್ದುವವಳು. ಮಗಳು ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆಯಲ್ಲಿ ಆರನೇ ತರಗತಿ ಓದುತ್ತಿದ್ದಾಳೆ. ಆ ನಿಮಿತ್ತ ಎಸ್‌ಡಿಎಂಸಿಯ, ಅಂದರೆ ಶಾಲಾಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿಯ, ಸದಸ್ಯೆಯೂ ಹೌದು. ಕಳೆದ ಸಭೆಯ ದಿನ ಮುಖ್ಯ ಶಿಕ್ಷಕಿ ಬೀರುವಿನಲ್ಲಿ ಯಾವುದೋ ರಸೀದಿ ಹುಡುಕುತ್ತಾ ಭೇಟಿಗೆ ಬಂದ ಅಧಿಕಾರಿಗಳು ಷರಾ ಬರೆಯುವ ಶಾಲೆಯ ಸಂದರ್ಶನ ಪುಸ್ತಕವನ್ನು ಮೇಜಿನ ಮೇಲಿಟ್ಟರು. ಅಕ್ಷರ ಕಂಡಲ್ಲಿ ಕಣ್ಣಾಡಿಸುವುದು ನನ್ನ ಚಾಳಿ. ತೆರೆದು ಓದಿದೆ.

ಎರಡು ವರ್ಷಗಳಲ್ಲಿ ಹತ್ತೊಂಬತ್ತು ಭೇಟಿ. ಹದಿನೆಂಟರಲ್ಲಿ ಇದ್ದದ್ದು ಇಷ್ಟು: ‘ಶಾಲೆಗೆ ಭೇಟಿ ನೀಡಲಾಯಿತು. ಹಾಜರಾತಿ ಪರಿಶೀಲಿಸಲಾಯಿತು. ಬಿಸಿಯೂಟದ ದಾಖಲೆ ಪರಿಶೀಲಿಸಲಾಯಿತು. ಸೂಕ್ತ ಮಾರ್ಗದರ್ಶನ ನೀಡಲಾಯಿತು.’ ಕೈಬರಹ ಬೇರೆ ಬೇರೆ, ಮೊಹರು ಬೇರೆ ಬೇರೆ, ಮಾತು ಒಂದೇ. ಕರಡಿನಲ್ಲಿ ಒಂದೇ ಪ್ಯಾರಾ ಹೀಗೆ ಹದಿನೆಂಟು ಸಲ ಬಂದಿದ್ದರೆ ಹದಿನೇಳನ್ನು ಹೊಡೆದು ಹಾಕುತ್ತಿದ್ದೆ.

ಆ ಹದಿನೆಂಟರಲ್ಲಿ ಮೂರಕ್ಕೆ ಮಾತ್ರ ಒಂದು ಸಾಲು ಹೆಚ್ಚು, ಹೆಣ್ಣುಮಕ್ಕಳ ಶೌಚಾಲಯದ ಚಿಲಕದ ಬಗ್ಗೆ: ‘ದುರಸ್ತಿಗೆ ಕ್ರಮ ವಹಿಸಲು ಸೂಚಿಸಲಾಯಿತು.’ ಯಾರು ಯಾರಿಗೆ ಸೂಚಿಸಿದರು, ಯಾವಾಗಿನೊಳಗೆ ಎಂಬುದು ಇಲ್ಲ. ಅಷ್ಟು ದಿನವೂ ನನ್ನ ಮಗಳು ಒಳಗೆ ಹೋದರೆ ಅವಳ ಗೆಳತಿ ಹೊರಗೆ ಬಾಗಿಲು ಹಿಡಿದು ನಿಲ್ಲುತ್ತಿದ್ದಳು, ಗೆಳತಿ ಹೋದರೆ ಇವಳು. ಕೊನೆಗೆ ನಮ್ಮ ಸಮಿತಿಯಲ್ಲೇ ಇರುವ ಬಡಗಿಯೊಬ್ಬರು ಭಾನುವಾರ ಬಂದು ಚಿಲಕ ಹಾಕಿದರು. ಅದು ಮಾತ್ರ ಪುಸ್ತಕದಲ್ಲಿ ದಾಖಲಾಗಿಲ್ಲ.

ಉಳಿದ ಆ ಒಂದು ಭೇಟಿಗಾಗಿಯೇ ಈ ಪತ್ರ. ಒಬ್ಬ ಸಿಆರ್‌ಪಿ, ಅಂದರೆ ಸುತ್ತಲಿನ ಕೆಲವು ಶಾಲೆಗಳನ್ನು ನೋಡಿಕೊಳ್ಳುವ ಕ್ಲಸ್ಟರ್ ಸಂಪನ್ಮೂಲ ವ್ಯಕ್ತಿ, ಬರೆದದ್ದು: ‘ಐದನೇ ತರಗತಿಯಲ್ಲಿ ಒಂದು ಪೀರಿಯಡ್ ಕುಳಿತೆ. ಏಳು ಮಕ್ಕಳು ಕಳೆಯುವ ಲೆಕ್ಕದಲ್ಲಿ ದಶಕ ತೆಗೆದುಕೊಳ್ಳುವಾಗ ತಪ್ಪುತ್ತಿದ್ದಾರೆ. ಕಡ್ಡಿಯ ಕಟ್ಟು ಬಿಚ್ಚಿ ತೋರಿಸಿದೆ. ಮುಂದಿನ ತಿಂಗಳು ಬಂದು ಮತ್ತೆ ನೋಡುತ್ತೇನೆ.’ ಆ ಏಳರಲ್ಲಿ ನನ್ನ ಮಗಳೂ ಒಬ್ಬಳು. ಮನೆಗೆ ಬಂದು ಊದುಬತ್ತಿಯ ಕಟ್ಟು ಬಿಚ್ಚಿ ನನಗೇ ಪಾಠ ಮಾಡಿದ್ದಳು. ಮುಂದಿನ ತಿಂಗಳು ಆ ಮೇಡಂ ಬರಲಿಲ್ಲ. ಬೇರೆ ಯಾವುದೋ ಕೆಲಸಕ್ಕೆ ಹಾಕಿದರಂತೆ.

ಸಿಆರ್‌ಪಿಗಳನ್ನು ದೂರುವುದು ನನ್ನ ಉದ್ದೇಶವಲ್ಲ. ಅವರೂ ಪರೀಕ್ಷೆ ಬರೆದು ಆಯ್ಕೆಯಾದ ಶಿಕ್ಷಕರೇ. ಶಿಕ್ಷಕರಿಗೆ ಬೋಧನೆಯಲ್ಲಿ ನೆರವಾಗಲೆಂದೇ ಆ ಹುದ್ದೆ ಇರುವುದು. ಆದರೆ ನಿಮ್ಮ ಇಲಾಖೆ ಅವರನ್ನು ಅಂಕಿ ಅಂಶ ಹೊರುವ ಟಪಾಲಿನವರನ್ನಾಗಿ ಮಾಡಿಕೊಂಡಿದೆ. ಮಕ್ಕಳ ವಿವರ ತುಂಬುವ ಸ್ಯಾಟ್ಸ್, ಶಾಲೆಯ ವಿವರ ತುಂಬುವ ಯು-ಡೈಸ್, ಬಿಸಿಯೂಟದ ಲೆಕ್ಕ, ಮೊಟ್ಟೆ ಎಷ್ಟು, ಬಾಳೆಹಣ್ಣು ಎಷ್ಟು, ಅದರ ಫೋಟೊ. ಎಲ್ಲವೂ ಶಾಲೆಯಿಂದ ಕ್ಷೇತ್ರ ಶಿಕ್ಷಣಾಧಿಕಾರಿ (ಬಿಇಒ) ಕಚೇರಿಗೆ, ಅಲ್ಲಿಂದ ಉಪನಿರ್ದೇಶಕರಿಗೆ, ಅಲ್ಲಿಂದ ಇನ್ನೂ ಮೇಲಕ್ಕೆ ಹತ್ತುತ್ತವೆ. ಮೇಲಿನಿಂದ ಇಳಿದು ಬರುವುದು ಇನ್ನೊಂದು ನಮೂನೆ.

ಶಿಕ್ಷಣ ಹಕ್ಕು ಕಾಯ್ದೆಯ 27ನೇ ಕಲಂ ಹತ್ತು ವರ್ಷಕ್ಕೊಮ್ಮೆಯ ಜನಗಣತಿ, ವಿಪತ್ತು ಪರಿಹಾರ, ಚುನಾವಣೆ ಬಿಟ್ಟು ಬೇರೆ ಕೆಲಸಕ್ಕೆ ಶಿಕ್ಷಕರನ್ನು ಹಚ್ಚಬಾರದು ಎನ್ನುತ್ತದೆ. 2025ರಲ್ಲಿ ಸಾಮಾಜಿಕ ಮತ್ತು ಶೈಕ್ಷಣಿಕ ಸಮೀಕ್ಷೆಗಾಗಿ ಸರ್ಕಾರಿ, ಅನುದಾನಿತ ಶಾಲೆಗಳ ದಸರಾ ರಜೆಯನ್ನು ಅಕ್ಟೋಬರ್ 18ರವರೆಗೆ ಎಳೆದಿರಿ. ಸಮೀಕ್ಷೆ ಬೇಕೋ ಬೇಡವೋ ಎಂಬ ಜಗಳ ನನ್ನದಲ್ಲ. ಅದೇ ಊರಿನ ಖಾಸಗಿ ಶಾಲೆಯ ಮಕ್ಕಳು ಚೀಲ ಹೊತ್ತು ಹೋಗುತ್ತಿದ್ದಾಗ ನಮ್ಮ ಬೀದಿಯ ಮಕ್ಕಳು ಗೋಲಿ ಆಡುತ್ತಿದ್ದರು, ಅವರ ಮೇಷ್ಟ್ರು ಮನೆ ಮನೆಯ ಕರೆಗಂಟೆ ಒತ್ತುತ್ತಿದ್ದರು.

ಇಲಾಖೆ ನಿಜಕ್ಕೂ ಕಣ್ಣಿಟ್ಟು ನೋಡಿದ್ದು ಎಸ್ಸೆಸ್ಸೆಲ್ಸಿ ಪರೀಕ್ಷೆಯನ್ನು. 2024ರಲ್ಲಿ ಕೊಠಡಿಗಳಿಗೆ ವೆಬ್‌ಕಾಸ್ಟಿಂಗ್ ಬಂತು. ಹಿಂದಿನ ವರ್ಷ ಶೇ 83.89 ಇದ್ದ ಫಲಿತಾಂಶ, ಕೃಪಾಂಕ ಹೆಚ್ಚಿಸಿದ ಮೇಲೂ ಶೇ 73.40ಕ್ಕೆ ಇಳಿಯಿತು. ನಕಲು ತಡೆದದ್ದು ಸರಿಯೇ. ಆದರೆ ಹತ್ತನೇ ತರಗತಿಯಲ್ಲಿ ಬಿದ್ದ ಹುಡುಗ ಎಡವಿದ್ದು ಅಲ್ಲಲ್ಲ, ಮೂರನೆಯದರಲ್ಲೋ ನಾಲ್ಕನೆಯದರಲ್ಲೋ ದಶಕ ತೆಗೆದುಕೊಳ್ಳುವಾಗ. ಅಲ್ಲಿಗೆ ಬೇಕಿರುವುದು ಕ್ಯಾಮೆರಾ ಅಲ್ಲ, ಪಕ್ಕದಲ್ಲಿ ಕುಳಿತು ಸ್ಲೇಟು ನೋಡುವ ಒಬ್ಬರು.

ಹಣ ಕೇಳುತ್ತಿಲ್ಲ, ಹೊಸ ಯೋಜನೆಯನ್ನೂ ಕೇಳುತ್ತಿಲ್ಲ. ಭೇಟಿಗೆ ಬಂದವರು ಕಡತ ತೆರೆಯುವ ಮೊದಲು ಒಂದು ಪೀರಿಯಡ್ ತರಗತಿಯಲ್ಲಿ ಕೂರಲಿ. ಸೂಚನೆ ಬರೆದರೆ ಅದನ್ನು ಮಾಡಬೇಕಾದವರು ಯಾರು, ಯಾವ ತಾರೀಖಿನೊಳಗೆ ಎಂದೂ ಬರೆಯಲಿ. ಆ ಪುಟವನ್ನು ಪ್ರತಿ ಎಸ್‌ಡಿಎಂಸಿ ಸಭೆಯಲ್ಲಿ ಗಟ್ಟಿಯಾಗಿ ಓದಲಿ. ಶಾಲೆ ಹೇಗೆ ನಡೆಯುತ್ತಿದೆ ಎಂದು ನೋಡುವ ಕೆಲಸವನ್ನು ಕಾಯ್ದೆಯ 21ನೇ ಕಲಂ ಪೋಷಕರಿರುವ ಸಮಿತಿಗೇ ಕೊಟ್ಟಿದೆ. ಪುಸ್ತಕ ಬೀರುವಿನಲ್ಲಿದ್ದರೆ ನಾವು ನೋಡುವುದಾದರೂ ಏನನ್ನು? ಒಬ್ಬ ಸಿಆರ್‌ಪಿ ‘ಮತ್ತೆ ನೋಡುತ್ತೇನೆ’ ಎಂದು ಬರೆದಿದ್ದರೆ, ಅವರು ಮತ್ತೆ ಬರುವವರೆಗೆ ದಯವಿಟ್ಟು ಬೇರೆ ಕೆಲಸಕ್ಕೆ ಕಳಿಸಬೇಡಿ.

ನೀವೂ ಒಮ್ಮೆ ಬನ್ನಿ. ಮೊದಲೇ ತಿಳಿಸಿದರೆ ರಂಗೋಲಿ, ಹಾರ, ಸ್ವಾಗತಗೀತೆಗೆ ಎರಡು ದಿನದ ಪಾಠ ಹೋಗುತ್ತದೆ, ಆದ್ದರಿಂದ ಹೇಳದೆ ಬನ್ನಿ. ಹೊರಡುವಾಗ ಸಂದರ್ಶನ ಪುಸ್ತಕ ಮುಂದಿಡುತ್ತಾರೆ. ದಯವಿಟ್ಟು ಕರ್ತರಿ ಪ್ರಯೋಗದಲ್ಲಿ ಬರೆಯಿರಿ.

ಇತಿ,
ಒಬ್ಬ ಎಸ್‌ಡಿಎಂಸಿ ಸದಸ್ಯೆ
ಬೆಂಗಳೂರು