ಮಂಜನಿಗೊಂದು ಪತ್ರ: ಕುಬೇರನಿಗೇನಿರಬೇಕು

ಲೋ ಮಂಜ,

ಹೋದ ವಾರ ಫೋನಲ್ಲಿ ನೀನು ಹೇಳಿದ್ದು ತಲೇಲೇ ಕೂತಿದೆ ಕಣೋ. ಪುಟ್ಟಿ ಎಂಟನೇ ಕ್ಲಾಸಿಗೆ ಬಂದ್ಲು, ಕನ್ನಡ ಥರ್ಡ್ ಲ್ಯಾಂಗ್ವೇಜು, ಪುಸ್ತಕ ತೆಗೆದ್ರೆ ಸಾಕು ಮುಖ ಗಂಟು ಹಾಕ್ಕೋತಾಳೆ, ಟ್ಯೂಷನ್‌ಗೆ ಹಾಕ್ಲಾ, ಇಲ್ಲಾಂದ್ರೆ ಯಾವ್ದಾದ್ರೂ ಒಳ್ಳೆ ವ್ಯಾಕರಣದ ಪುಸ್ತಕ ಹೇಳು ಅಂದೆ. ಆವಾಗ ನಾನು ಬಸ್ಸಲ್ಲಿ ನಿಂತಿದ್ದೆ, ಆಮೇಲೆ ಹೇಳ್ತೀನಿ ಅಂತ ಇಟ್ಬಿಟ್ಟೆ. ಈಗ ಬರೀತಿದೀನಿ, ಎಲ್ಲರಿಗೂ ಕಾಣೋ ಹಾಗೇ ಹಾಕ್ತಿದೀನಿ, ಯಾಕಂದ್ರೆ ಇದೇ ಪ್ರಶ್ನೆ ಕೇಳಿದೋರು ನೀನೊಬ್ಬನೇ ಅಲ್ಲ.

ವ್ಯಾಕರಣದ ಪುಸ್ತಕ ಬೇಡ. ಈಗಂತೂ ಬೇಡ.

ಮೊನ್ನೆ ಭಾನುವಾರ ನೀವೆಲ್ಲ ಗಾಂಧಿ ಬಜಾರಿಗೆ ಬಂದಾಗ ನೀನು ಅತ್ತಿಗೆ ಜೊತೆ ಹೂವಿನ ಅಂಗಡಿ ಕಡೆ ಹೋದ್ಯಲ್ಲ, ಆಗ ಪುಟ್ಟಿ ನಾನು ವಿದ್ಯಾರ್ಥಿ ಭವನದ ಮುಂದೆ ಹೆಸರು ಬರೆಸಿ ಕಾಯ್ತಾ ನಿಂತಿದ್ವಿ. ಅವಳು ಫೋನ್ ನೋಡ್ತಿದ್ಲು. ಸುಮ್ನೆ ಒಂದು ಮಾತು ಹೇಳ್ದೆ, 'ಕುಬೇರನಿಗೇನಿರಬೇಕು' ಅನ್ನೋದನ್ನ ಹಿಂದಿನಿಂದ ಓದಿದ್ರೂ ಅದೇ ಬರತ್ತೆ ಗೊತ್ತಾ ಅಂತ. ತಕ್ಷಣ ಫೋನಲ್ಲಿ ಟೈಪ್ ಮಾಡಿದ್ಲು, ಈಗಿನ ಮಕ್ಕಳು ಮಾಡೋ ಹಾಗೆ ಇಂಗ್ಲಿಷ್ ಅಕ್ಷರದಲ್ಲಿ, ಹಿಂದಿನಿಂದ ಓದಿದ್ಲು, 'ಉಕೆಬರಿನೆಗಿ' ಅಂತ ಶುರುವಾಗಿ ಎಲ್ಲೆಲ್ಲಿಗೋ ಹೋಯ್ತು. ಸುಳ್ಳು ಅಂಕಲ್ ಅಂದ್ಲು. ನಾನು ಜೇಬಲ್ಲಿದ್ದ ಒಂದು ಬಿಲ್ಲಿನ ಹಿಂದೆ ಕನ್ನಡದಲ್ಲಿ ಬಿಡಿಬಿಡಿಯಾಗಿ ಬರೆದೆ. ಕು, ಬೇ, ರ, ನಿ, ಗೇ, ನಿ, ರ, ಬೇ, ಕು. ಅವಳು ಬೆರಳಿಟ್ಟು ಬಲದಿಂದ ಎಡಕ್ಕೆ ಬಂದ್ಲು, ನಡುವಿನ 'ಗೇ' ದಾಟಿದ ಮೇಲೆ ಅವಳ ಮುಖ ನೋಡ್ಬೇಕಿತ್ತು ನೀನು. ಇನ್ನೊಂದು ಅಂದ್ಲು. 'ಮದ್ರಾಸಿನ ಸಿದ್ರಾಮ' ಬರೆದೆ. ಒಂದು ನಿಮಿಷ ದಿಟ್ಟಿಸಿ, ಹಂಗಾದ್ರೆ 'ದ್ರಾ' ಒಂದೇನಾ, ಎರಡಲ್ವಾ ಅಂದ್ಲು. ನೋಡು, ಒತ್ತಕ್ಷರ ಅಂದ್ರೆ ಹೆದರ್ತಾಳೆ ಅಂತ ನೀನೇ ಹೇಳಿದ್ದೆ. ದ, ಅದರ ಕಾಲಿಗೆ ರ, ಪಕ್ಕಕ್ಕೊಂದು ದೀರ್ಘ, ಇಷ್ಟೆಲ್ಲ ಸೇರಿ ಬಾಯಿಂದ ಒಂದೇ ಏಟಿಗೆ ಬರೋ ಒಂದೇ ಒಂದು ಅಕ್ಷರ ಅನ್ನೋದು ಅವಳಿಗೆ ಯಾರೂ ಪಾಠ ಮಾಡದೇನೇ, ದೋಸೆ ಬರೋ ಮುಂಚೆ ಗೊತ್ತಾಗೋಯ್ತು.

ಅವತ್ತಿಂದ ಯೋಚನೆ ಮಾಡ್ತಿದೀನಿ ಮಂಜ, ನಾವು ಶಾಲೇಲಿ ಶ್ಲೇಷಾಲಂಕಾರ ಅಂತ ಎರಡು ಮಾರ್ಕಿಗೆ ಬಾಯಿಪಾಠ ಮಾಡಿದ್ವಲ್ಲ, ಒಂದು ಪದಕ್ಕೆ ಎರಡು ಅರ್ಥ ಬಂದರೆ ಶ್ಲೇಷೆ ಅಂತ, ಇಡೀ ಕ್ಲಾಸಲ್ಲಿ ಒಬ್ಬರಾದ್ರೂ ನಕ್ಕಿದ್ವಾ? ಇಲ್ಲ. ಎರಡು ಅರ್ಥಾನೂ ಒಳಗೇ ಇದ್ರೆ ತಾನೇ ನಗು ಬರೋದು. ಪುಟ್ಟಿ ಕನ್ನಡದಲ್ಲಿ ಒಂದು ಪನ್ ಕೇಳಿ ಪಕ್ಕಂತ ನಕ್ಕಳು ಅಂದ್ರೆ ಆ ಪದ ಅವಳದ್ದಾಯ್ತು ಅಂತಾನೇ ಅರ್ಥ, ಪರೀಕ್ಷೇಲಿ ಬರೆದು ಮರೆಯೋ ಪದ ಅಲ್ಲ ಅದು. ಅದಕ್ಕೇ ಹೇಳ್ತಿದೀನಿ, ಮಾತಿನ ಜೊತೆ ಆಟ ಆಡಿದೋರ ಪುಸ್ತಕಗಳಿಂದ ಶುರು ಮಾಡು. ಕನ್ನಡದಲ್ಲಿ ಅದಕ್ಕೇನೂ ಬರ ಇಲ್ಲ.

ಮೊದಲು ಕೈಲಾಸಂ. 1884ರಲ್ಲಿ ಹುಟ್ಟಿ 1946ರಲ್ಲಿ ಹೋದ ಮನುಷ್ಯ, ಲಂಡನ್ನಿಗೆ ಹೋಗಿ ಭೂವಿಜ್ಞಾನ ಓದ್ಕೊಂಡು ಬಂದೋರು, ಬಂದು ನಮ್ಮ ಬೆಂಗಳೂರಿನ ಮನೆಗಳಲ್ಲಿ ಜನ ನಿಜವಾಗಿ ಹೇಗೆ ಮಾತಾಡ್ತಿದ್ರೋ ಹಾಗೇ, ಇಂಗ್ಲಿಷ್ ಬೆರೆಸ್ಕೊಂಡು, ಅರ್ಧ ನುಂಗ್ಕೊಂಡು, ನಾಟಕ ಬರೆದ್ರು. 'ಬಂಡ್ವಾಳ್ವಿಲ್ಲದ ಬಡಾಯಿ' ಅನ್ನೋ ಹೆಸರನ್ನೇ ಜೋರಾಗಿ ಎರಡು ಸಲ ಹೇಳು, ಬಾಯಿಗೆ ಎಷ್ಟು ಖುಷಿಯಾಗತ್ತೆ. ಆದ್ರೆ ಪುಟ್ಟಿಗೆ ಮೊದಲು ಕೇಳಿಸಬೇಕಾದ್ದು 'ಕೋಳೀಕೆ ರಂಗ'ನ ಹಾಡು. ಕಾನ್‌ಸ್ಟಾಂಟಿನೋಪಲ್ ಊರಿನ ಹೆಸರನ್ನ ಸ್ಪೆಲ್ಲಿಂಗ್ ಬಿಡಿಸಿ ಬಿಡಿಸಿ ಹಾಡೋ ಇಂಗ್ಲಿಷ್ ಹಾಡೊಂದಿತ್ತು, ಕೈಲಾಸಂ ಅದರ ಧಾಟಿ ತಗೊಂಡ್ರು. ಈಗ ನೋಡು ಮಜ, ಕನ್ನಡದಲ್ಲಿ ಆ ಥರ ಸ್ಪೆಲ್ಲಿಂಗ್ ಅನ್ನೋದೇ ಇಲ್ವಲ್ಲ, ಹೇಳಿದ್ದನ್ನೇ ಬರೆಯೋದು, ಏನನ್ನ ಬಿಡಿಸೋದು? ಅವರು 'ಕೋನು ಳೀನು ಕೆನು ರಾನು ಸೊನ್ನೆ ಗ' ಅಂತ ಬಿಡಿಸಿದ್ರು. ಆ ಸೊನ್ನೆ ಬರೋ ಜಾಗ ಇದೆಯಲ್ಲ, ಅದು ನನಗೆ ಎಷ್ಟು ಸಲ ಕೇಳಿದ್ರೂ ಸಾಕಾಗಲ್ಲ. ಅನುಸ್ವಾರ ಅಂತ ಗಂಭೀರವಾಗಿ ಹೇಳೋದನ್ನ ಒಂದನೇ ಕ್ಲಾಸಿನ ಮಗು ಸೊನ್ನೆ ಅನ್ನತ್ತೆ, ಆ ಮಗುವಿನ ಬಾಯಿಂದಲೇ ಹಾಡು ಕಟ್ಟಿದಾರೆ. ಇಂಗ್ಲಿಷಿನ ಆಟ ತಂದು ಕನ್ನಡದ ನಿಯಮದಲ್ಲಿ ಆಡೋದು ಅಂದ್ರೆ ಇದು. ಇಂಗ್ಲಿಷ್ ಬೆರೆಸಿದ್ರೆ ಕನ್ನಡ ಕೆಟ್ಟೋಗತ್ತೆ ಅನ್ನೋರು ಈ ಹಾಡನ್ನ ಒಂದ್ಸಲ ಕೂತು ಕೇಳ್ಬೇಕು ಅನ್ಸತ್ತೆ ನನಗೆ.

ನಿನಗೂ ಒಂದಿದೆ, ಕೈಲಾಸಂ ಅವರದ್ದೇ ನಾಟಕ 'ಟೊಳ್ಳುಗಟ್ಟಿ'. ಮಾರ್ಕ್ಸಿಗಾಗಿ ಓದೋ ಹುಡುಗ ಒಬ್ಬ, ಮನೆಯೋರಿಗೆ ಆಗಿಬರೋ ಹುಡುಗ ಒಬ್ಬ. ಟ್ಯೂಷನ್‌ಗೆ ದುಡ್ಡು ಕಟ್ಟೋಕೆ ಮುಂಚೆ ಓದು.

ಆಮೇಲೆ ನಾ. ಕಸ್ತೂರಿಯವರ 'ಅನರ್ಥಕೋಶ'. ಅರ್ಥ ಹೇಳೋದು ಅರ್ಥಕೋಶ, ಅರ್ಥವನ್ನ ತಿರುಚಿ ನಗಿಸಿ ಅನರ್ಥ ಮಾಡೋದು ಅನರ್ಥಕೋಶ. ನಿಘಂಟಿನ ಥರಾನೇ ಇರತ್ತೆ, ಎಲ್ಲಿ ಬೇಕಾದ್ರೂ ತೆಗೆದು ಓದಬಹುದು, ದಿನಕ್ಕೆ ನಾಲ್ಕು ಪದ ಸಾಕು. ಇದನ್ನ ಅತ್ತಿಗೆಗೂ ತೋರಿಸು, ಯಾಕಂದ್ರೆ ಕಸ್ತೂರಿಯವರ ಮನೆಮಾತು ಕನ್ನಡ ಅಲ್ಲ, ಮಲಯಾಳಂ. ಕೇರಳದಿಂದ ಮೈಸೂರಿಗೆ ಪಾಠ ಮಾಡೋಕೆ ಬಂದು, ಕನ್ನಡ ಕಲಿತು, ಕನ್ನಡದ ಪದಗಳನ್ನೇ ಹೀಗೆ ಕುಣಿಸಿದೋರು. ಅಮ್ಮನ ಭಾಷೆ ಮಲಯಾಳಂ, ಅದಕ್ಕೇ ಪುಟ್ಟಿಗೆ ಕನ್ನಡ ಹತ್ತಲ್ಲ ಅಂತ ಅವತ್ತು ಅಂದ್ಯಲ್ಲ, ಆ ಮಾತು ವಾಪಸ್ ತಗೋ ಮಾರಾಯ.

ಕಸ್ತೂರಿಯವರು ಬರೀತಿದ್ದ 'ಕೊರವಂಜಿ' ಪತ್ರಿಕೆ 1942ರಿಂದ 1967ರವರೆಗೆ ನಡೀತು, ಆರ್.ಕೆ. ಲಕ್ಷ್ಮಣ್ ಶುರುವಿನಲ್ಲಿ ಅದಕ್ಕೆ ಚಿತ್ರ ಬರೆದಿದಾರೆ. ನಡೆಸ್ತಿದ್ದೋರು ಡಾ. ಶಿವರಾಂ, ತಮ್ಮ ಹೆಸರನ್ನ ಹಿಂದೆ ಮುಂದೆ ಮಾಡಿ 'ರಾಶಿ' ಆದೋರು. ಪುಟ್ಟಿಗೆ ಇದನ್ನೂ ಹೇಳು, ಅವಳ ಹೆಸರನ್ನೂ ತಿರುಗಿಸಿ ನೋಡ್ತಾಳೆ.

ಬೀಚಿ ನಿನಗೆ ಗೊತ್ತೇ ಇದೆ, ನಿಮ್ಮಪ್ಪ ಓದ್ತಿದ್ರು. ಆತ್ಮಕಥೆಗೆ 'ನನ್ನ ಭಯಾಗ್ರಫಿ' ಅಂತ ಹೆಸರಿಟ್ಟ ಧೈರ್ಯ ನೋಡು, ಬಯಾಗ್ರಫಿಗೆ ಒಂದು ಮಹಾಪ್ರಾಣ ಸೇರಿಸಿದ್ರು ಅಷ್ಟೇ, ಒಂದು ಬದುಕಿನಲ್ಲಿದ್ದ ಭಯ ಎಲ್ಲ ಒಳಗೆ ಬಂದು ಕೂತ್ಕೊಳ್ತು. ಬ, ಭ ವ್ಯತ್ಯಾಸ ಯಾಕೆ ಬೇಕು ಅಂತ ಪುಟ್ಟಿ ಕೇಳಿದ್ಲಂತಲ್ಲ, ಉತ್ತರ ಇಲ್ಲಿದೆ. ಆದ್ರೆ ಬೀಚಿಯವರದ್ದು ಎಲ್ಲಾನೂ ಈಗಲೇ ಕೊಡಬೇಡ, ಕೆಲವು ಜೋಕು ದೊಡ್ಡೋರಿಗೆ, ಕೆಲವು ಹೆಂಗಸರ ಬಗ್ಗೆ ಇರೋದು ಹಳೇ ಕಾಲದವು, ನನಗೆ ಹಿಡಿಸಲ್ಲ. ತಿಮ್ಮನ ಪುಸ್ತಕಗಳಿಂದ ನೀನೇ ಆರಿಸಿ ಓದಿ ಹೇಳು.

ಪತ್ರಕರ್ತ ವೈಎನ್ಕೆ ಇನ್ನೆರಡು ವರ್ಷ ಕಾಯಲಿ. 'ವಂಡರ್ ಕಣ್ಣು' ಅಂತ ಹೆಸರು ಕೇಳಿದ್ರೇ ಗೊತ್ತಾಗತ್ತೆ, ಎರಡು ಭಾಷೇಲೂ ಕಾಲಿಟ್ಟು ನಿಂತಿರೋ ಪನ್‌ಗಳು, ಬೆಂಗಳೂರಿನ ಕಿವಿಗೆ ಹೇಳಿ ಮಾಡಿಸಿದ್ದು. ಡುಂಡಿರಾಜರ ಹನಿಗವನ ಮಾತ್ರ ನಾಳೆನೇ ಕೊಡು, ನಾಲ್ಕು ಸಾಲು, ಕೊನೇ ಪದದಲ್ಲಿ ಪಲ್ಟಿ.

ಪದ ಎಲ್ಲಿಂದ ಬಂತು ಅನ್ನೋ ಕುತೂಹಲ ಶುರುವಾದ್ರೆ ಎರಡಿವೆ. ಪಾ.ವೆಂ. ಆಚಾರ್ಯರ 'ಪದಾರ್ಥ ಚಿಂತಾಮಣಿ', ಹೆಸರಲ್ಲೇ ಪದದ ಅರ್ಥಾನೂ ಇದೆ, ಪದಾರ್ಥಾನೂ ಇದೆ. ಇನ್ನೊಂದು ಜಿ. ವೆಂಕಟಸುಬ್ಬಯ್ಯನವರ 'ಇಗೋ ಕನ್ನಡ', 1991ರಲ್ಲಿ ಪ್ರಜಾವಾಣಿಯಲ್ಲಿ ಶುರುವಾದ ಅಂಕಣ. ಓದುಗರು ಒಂದು ಪದದ ಬಗ್ಗೆ ಕೇಳೋರು, ಅಷ್ಟು ದೊಡ್ಡ ನಿಘಂಟು ಮಾಡಿದ ಮನುಷ್ಯ ಕೂತು ಸಮಾಧಾನವಾಗಿ ಉತ್ತರ ಬರೆಯೋರು. 2021ರಲ್ಲಿ ಅವರು ಹೋದಾಗ 107 ವರ್ಷ. ಭಾನುವಾರ ಬೆಳಿಗ್ಗೆ ನಮ್ಮಪ್ಪ ಅದನ್ನ ಕತ್ತರಿಸಿ ನೋಟ್‌ಬುಕ್ಕಿಗೆ ಅಂಟಿಸ್ತಿದ್ರು, ಆ ಮೈದಾ ಅಂಟಿನ ವಾಸನೆ ಈಗಲೂ ನೆನಪಿದೆ ನನಗೆ.

ಇದೆಲ್ಲ ಈಚೆಯವರ ತಮಾಷೆ ಅನ್ಕೋಬೇಡ. ಬಾದಾಮಿಗೆ ಟ್ರಿಪ್ ಹೋಗ್ತೀವಿ ಅಂದ್ಯಲ್ಲ ದಸರಾಗೆ, ಅಲ್ಲಿ ಬಂಡೆ ಮೇಲೆ ಸುಮಾರು ಕ್ರಿ.ಶ. 700ರ ಕಪ್ಪೆ ಅರಭಟ್ಟನ ಶಾಸನ ಇದೆ, ಕನ್ನಡದಲ್ಲಿ ನಮಗೆ ಸಿಕ್ಕಿರೋ ಬಹಳ ಹಳೇ ತ್ರಿಪದಿ. 'ಸಾಧುಗೆ ಸಾಧು ಮಾಧುರ್ಯಂಗೆ ಮಾಧುರ್ಯಂ, ಬಾಧಿಪ್ಪ ಕಲಿಗೆ ಕಲಿಯುಗ ವಿಪರೀತನ್, ಮಾಧವನೀತನ್ ಪೆರನಲ್ಲ'. ಒಳ್ಳೆಯವರಿಗೆ ಒಳ್ಳೆಯವ, ಕಾಡೋ ಕಲಿಗೆ ಕಲಿಯುಗದಲ್ಲೇ ಬೇರೆ ಥರದ ಗಂಡು, ಬೇರೆ ಯಾರೂ ಅಲ್ಲ ಮಾಧವನೇ ಇವನು ಅಂತ. ಕಲಿ, ಕಲಿಯುಗ ಅಂತ ಪದ ಹೇಗೆ ಪುಟಿಯತ್ತೆ ನೋಡು. ಮೂರು ಸಾಲಿನ ಎರಡನೇ ಅಕ್ಷರಾನೂ ನೋಡು, ಸಾಧು, ಬಾಧಿಪ್ಪ, ಮಾಧವ, ಮೂರರಲ್ಲೂ ಧ. ಹೆಚ್ಚುಕಮ್ಮಿ 1300 ವರ್ಷದ ಹಿಂದೆ ಯಾರೋ ಇದನ್ನ ಬಾಯಲ್ಲಿ ಹೇಳ್ಕೊಂಡು, ಖುಷಿಪಟ್ಟು, ಉಳಿ ತಗೊಂಡು ಬಂಡೆಗೆ ಕೆತ್ತಿಸಿದಾರೆ. ಅಲ್ಲಿ ನಿಂತು ಅವಳ ಕೈಲಿ ಜೋರಾಗಿ ಓದಿಸು. ಅರ್ಥ ಆಮೇಲೆ.

ಬೇಂದ್ರೆ ಹೆಸರು ಹೇಳಲಿಲ್ಲ ಅಂತ ಬೈಬೇಡ. ಅವರನ್ನ ಪುಸ್ತಕವಾಗಿ ಕೊಡಬೇಡ, ಮನೇಲಿ ಹಾಡು ಹಾಕು, ಕಿವೀಲಿ ಬೀಳ್ತಾ ಇರಲಿ.

ಇದನ್ನ ಬರೀತಾ ಇರೋವಾಗಲೇ ಪುಟ್ಟಿ ವಾಟ್ಸಾಪ್ ಮಾಡಿದಾಳೆ ಕಣೋ, ನಿನಗೆ ತೋರಿಸಿದ್ಲೋ ಇಲ್ವೋ. ಇಷ್ಟು ದಿನ ನನಗೆ ಇಂಗ್ಲಿಷ್ ಅಕ್ಷರದಲ್ಲೇ ಕಳಿಸ್ತಿದ್ದೋಳು ಇವತ್ತು ಕನ್ನಡ ಕೀಬೋರ್ಡ್ ಹಾಕ್ಕೊಂಡು ಪಟ್ಟಿ ಕಳಿಸಿದಾಳೆ. 'ಕಿಟಕಿ. ಗದಗ. ಜಲಜ. ನಮ್ ಕ್ಲಾಸ್ ನವೀನ'. ಅದರ ಕೆಳಗೆ ಐದು ನಿಮಿಷ ಬಿಟ್ಟು ಇನ್ನೊಂದು, 'ಅಂಕಲ್ ಗ್ರಾಮರ್ ಬುಕ್ಕಲ್ಲೂ ಒಂದಿದೆ!! ಸಮಾಸ!!!' ಅಂತ.

ಶನಿವಾರ ಸಾಯಂಕಾಲ ಅಂಕಿತ ಪುಸ್ತಕದ ಅಂಗಡಿ ಹತ್ರ ಬಾ, ಅವಳನ್ನೂ ಕರ್ಕೊಂಡು ಬಾ. ಅನರ್ಥಕೋಶ ನಾನು ಕೊಡಿಸ್ತೀನಿ, ಕೈಲಾಸಂ ನಿಂದು.

ನಿನ್ನ
ಗೆಳೆಯ